ಸರ್ಕಾರ ಒಪ್ಪಿದ ಮೂಗು

ನಮ್ಮ ಯಜಮಾನರಿಗೆ ಎರಡು ಮೂಗು. ಒಂದು ಹುಟ್ಟುವಾಗ ಬಂದದ್ದು, ಇನ್ನೊಂದು ಸರ್ಕಾರ ಒಪ್ಪಿದ್ದು. ಮೊದಲನೆಯದು ಸಣ್ಣದು, ತುದಿ ಮೊಂಡು, ಕನ್ನಡಕ ನಿಲ್ಲಲಾರದಷ್ಟು ತಗ್ಗು. ಎರಡನೆಯದು ಗಿಣಿಮೂಗು. ನಡುವೆ ಒಂದು ಗೆಣ್ಣು, ಎಡಗಡೆ ಕಡಲೆಕಾಳಿನಷ್ಟು ನರಹುಲಿ. ಗುರುತಿನ ಚೀಟಿಯಲ್ಲಿರುವುದು ಈ ಎರಡನೆಯದೇ. ಹಾಗಾಗಿ ಚೀಟಿ ತೋರಿಸಬೇಕಾದ ಕಡೆಗೆಲ್ಲ ಅವರು ಅದನ್ನು ಅಂಟಿಸಿಕೊಂಡೇ ಹೋಗಬೇಕು. ಇಪ್ಪತ್ತೆರಡು ವರ್ಷದಿಂದ ಹೀಗೇ ನಡೆದುಬಂದಿದೆ. ಇದು ವಿಚಿತ್ರ ಅಂತ ನನಗೆ ಅನ್ನಿಸುವುದು ಯಾರಿಗಾದರೂ ಹೇಳಲು ಹೊರಟಾಗ ಮಾತ್ರ.

ಅವರು ಸಿನಿಮಾದಲ್ಲಿ ಮೇಕಪ್ ಕೆಲಸ ಮಾಡಿದವರು. ಅಂದಚಂದದ ಮೇಕಪ್ಪಿಗೆ ಬೇರೆಯವರಿದ್ದರು. ಇವರ ಪಾಲಿಗೆ ಬಂದದ್ದು ಗಾಯ, ಸುಟ್ಟ ಕಲೆ, ಮುಪ್ಪು, ಕತ್ತರಿಸಿದ ಕೈ, ಹೆಣ. ನಲವತ್ತು ವರ್ಷದಲ್ಲಿ ಪರದೆಯ ಮೇಲೆ ಯಾರಾದರೂ ನಂಬುವ ಹಾಗೆ ಸತ್ತಿದ್ದರೆ ಅದರಲ್ಲಿ ನಮ್ಮವರ ಕೈವಾಡ ಇತ್ತು ಅಂದುಕೊಳ್ಳಬಹುದು. ಹೊಸದೇನು ಮಾಡಿದರೂ ಮೊದಲು ತಮ್ಮ ಮೈಮೇಲೆ ಅಂಟಿಸಿ ನೋಡುವುದು ಅವರ ಪದ್ಧತಿ. ಉರಿಯುವುದಾದರೆ ಮೊದಲು ತನಗೇ ಉರಿಯಲಿ, ನಟರ ಚರ್ಮವೇನು ತಗಡೇ, ಅನ್ನುತ್ತಿದ್ದರು.

ಅಂಟಿಸಿದ್ದನ್ನು ಮರೆಯುವುದು ಅವರ ಇನ್ನೊಂದು ಪದ್ಧತಿ. ಹಣೆಯಲ್ಲಿ ಗುಂಡು ಹೊಕ್ಕ ತೂತಿಟ್ಟುಕೊಂಡು ಬಂದು ಊಟಕ್ಕೆ ಕೂತು, ಉಪ್ಪು ಕಡಿಮೆಯಾಗಿದೆ ಅಂದಿದ್ದಾರೆ. ಒಮ್ಮೆ ಮಗಳ ಶಾಲೆಯ ಸಭೆಗೆ ಊದಿದ ಕಣ್ಣು, ಕೆನ್ನೆಯ ಮೇಲೆ ಐದು ಬೆರಳಿನ ಗುರುತು ಸಮೇತ ಹೋಗಿಬಂದರು. ಗಣಿತದ ಮೇಷ್ಟ್ರು ಮಗಳ ಅಂಕದ ಬಗ್ಗೆ ಒಂದೂ ಕೆಟ್ಟ ಮಾತಾಡದೆ, ಇವರ ಕೈಹಿಡಿದು ಬಾಗಿಲವರೆಗೆ ಬಂದು ಕಳಿಸಿಕೊಟ್ಟರಂತೆ. ಒಳ್ಳೆಯ ಮನುಷ್ಯ. ಆಮೇಲೆ ನನ್ನನ್ನು ಕಂಡಾಗಲೆಲ್ಲ ಎರಡು ಹೆಜ್ಜೆ ಹಿಂದೆ ಸರಿದು ನಮಸ್ಕಾರ ಮಾಡುತ್ತಿದ್ದರು. ಕಾರಣ ಗೊತ್ತಾಗಲು ನನಗೆ ಒಂದು ವರ್ಷ ಬೇಕಾಯಿತು.

ಗುರುತಿನ ಚೀಟಿಯ ದಿನವೂ ಹೀಗೇ ಆಯಿತು. ಯಾವುದೋ ಸಿನಿಮಾದ ಜಿಪುಣ ಸಾಹುಕಾರನ ಪಾತ್ರಕ್ಕೆ ಮೂಗು ಬೇಕಿತ್ತು. ನಮ್ಮವರು ತಮ್ಮ ಮೂಗಿನ ಅಳತೆಗೇ ಒಂದು ಅಚ್ಚು ಮಾಡಿ, ಮೂಗು ಎರಕ ಹೊಯ್ದು, ಎಷ್ಟು ಹೊತ್ತು ನಿಲ್ಲುತ್ತದೆಂದು ನೋಡಲು ಬೆಳಗ್ಗೆಯಿಂದ ಅಂಟಿಸಿಕೊಂಡು ಓಡಾಡುತ್ತಿದ್ದರು. ಸಿನಿಮಾದವರು ಕಚೇರಿಯ ವೇಳೆಗೆ ಯಾವತ್ತೂ ಬರುವವರಲ್ಲ ಎಂದು ಚೀಟಿ ಮಾಡುವವರೇ ಅವತ್ತು ಸ್ಟುಡಿಯೋಗೆ ಬಂದು, ಮೇಕಪ್ ಕೋಣೆಯ ಗೋಡೆಗೆ ಬಿಳಿ ಬಟ್ಟೆ ಕಟ್ಟಿ, ಒಬ್ಬೊಬ್ಬರನ್ನೇ ಕೂರಿಸಿ ಫೋಟೋ ತೆಗೆಯುತ್ತಿದ್ದರು. ಇವರನ್ನೂ ಕರೆದರು. ಇವರೂ ಹೋಗಿ ಕೂತರು. ಫೋಟೋದವನು, ಮೂಗು ಹೊಳೀತಿದೆ ಸ್ವಲ್ಪ ಒರೆಸಿಕೊಳ್ಳಿ ಅಂದ. ಒರೆಸಿಕೊಂಡರು. ಆಗಲೂ ಹೊಳೆಯಲಿಲ್ಲ ಇವರಿಗೆ. ಅವತ್ತು ಮನೆಗೆ ಬಂದವರು ಮೂಗು ಏಳು ಗಂಟೆ ನಿಂತಿತೆಂದು ಕುಣಿದಾಡುತ್ತಿದ್ದರು. ಎರಡು ತಿಂಗಳ ನಂತರ ಅಂಚೆಯಲ್ಲಿ ಚೀಟಿ ಬಂತು. ನಾನು ಲಕೋಟೆ ಒಡೆದು, ಇದು ಯಾರದೋ ನಮ್ಮ ಮನೆಗೆ ಬಂದಿದೆ ಎಂದು ವಾಪಸು ಅಂಟಿಸಲು ಹೊರಟಿದ್ದೆ.

ತಿದ್ದಿಸಲು ಹೋಗಲಿಲ್ಲವೆಂದಲ್ಲ. ತಿದ್ದುಪಡಿಯ ಗುಮಾಸ್ತ ಚೀಟಿ ನೋಡಿ, ಇವರ ಮುಖ ನೋಡಿ, ಚೀಟಿಯ ಯಜಮಾನರೇ ಖುದ್ದಾಗಿ ಬರಬೇಕು, ನೀವು ಬಂದರೆ ಆಗದು ಅಂದ. ಮಾರನೆಯ ವಾರ ಮೂಗು ಅಂಟಿಸಿಕೊಂಡು ಹೋದರು. ಗುಮಾಸ್ತ ಸಂತೋಷಪಟ್ಟು, ಎಲ್ಲ ಸರಿಯಾಗಿದೆಯಲ್ಲ, ತಿದ್ದುವುದು ಏನಿದೆ ಅಂದ. ನಮ್ಮವರು ಅವನ ಎದುರಿಗೇ ಮೂಗು ಕಿತ್ತು ಮೇಜಿನ ಮೇಲಿಟ್ಟರು. ಅವನು ಬಹಳ ಹೊತ್ತು ಯೋಚಿಸಿ, ಮೆತ್ತಗೆ ಹೇಳಿದನಂತೆ: "ನೋಡಿ ಸಾರ್, ಟೋಕನ್ ತಗೊಂಡಿದ್ದು ಅವ್ರು. ಈಗ ಕೂತಿರೋದು ನೀವು. ನಿಮಗೆ ಬೇರೆ ಟೋಕನ್ ಬೇಕಾಗುತ್ತೆ."

ಅಲ್ಲಿಗೆ ಬಿಟ್ಟೆವು. ಅಚ್ಚು ಮನೆಗೆ ಬಂತು. ಚೀಟಿ ತೋರಿಸಬೇಕಾದಾಗಲೆಲ್ಲ ಅದರಲ್ಲಿ ಹೊಸ ಮೂಗು ಎರಕ ಹೊಯ್ಯುವುದು. ಉಳಿದ ದಿನಗಳಲ್ಲಿ ಅಡುಗೆಮನೆಯ ಬಾಗಿಲು ಬಡಿದುಕೊಳ್ಳದ ಹಾಗೆ ಒತ್ತಿಡಲು ಅದು ಹೇಳಿ ಮಾಡಿಸಿದ ಹಾಗಿತ್ತು.

ವಯಸ್ಸಾಗುತ್ತ ಬಂದಂತೆ ಮೂಗಿಗೂ ವಯಸ್ಸಾಗಬೇಕೆಂದು ನಮ್ಮವರು ಹಟ ಹಿಡಿದರು. ಎರಡು ಮೂರು ವರ್ಷಕ್ಕೊಮ್ಮೆ ಒಂದು ಕೆಂಪು ನರ, ನಾಲ್ಕು ರಂಧ್ರ ಜಾಸ್ತಿ ಮಾಡುತ್ತಿದ್ದರು. ಐವತ್ತೈದು ತುಂಬಿದ ದಿನ ನರಹುಲಿಗೆ ಎರಡು ಬಿಳಿ ಕೂದಲು ನೆಟ್ಟರು. ಮಗಳ ಮದುವೆ ನೋಂದಣಿ ಕಚೇರಿಯಲ್ಲಾಯಿತು. ತಂದೆಯ ಸಹಿಗೆ ಚೀಟಿ ಬೇಕು, ಚೀಟಿಗೆ ಮೂಗು ಬೇಕು. ಬೀಗರ ಮನೆಯವರು ಇವರನ್ನು ಮೊದಲು ಕಂಡದ್ದೇ ಹಾಗೆ. ಅಲ್ಲಿಂದ ಮುಂದೆ ಅವರ ಎದುರಿಗೆ ಹೇಗೆ ತೆಗೆಯುವುದು? ಬೀಗಿತ್ತಿ ಬರುತ್ತಾರೆಂದರೆ ನಾನು ಮನೆ ಗುಡಿಸುವುದು, ಇವರು ಮೂಗು ಬೇಯಿಸುವುದು. ಮೊಮ್ಮಗಳು ಹುಟ್ಟಿದಾಗ ಬೀಗಿತ್ತಿ ಮಗುವನ್ನು ಎತ್ತಿಕೊಂಡು ಅದರ ಮುಖ, ಇವರ ಮುಖ ಬಹಳ ಹೊತ್ತು ನೋಡಿ, ಸಂಶಯವೇ ಇಲ್ಲ, ತಾತನ ಮೂಗೇ ಬಂದಿದೆ ಅಂದರು. ನಮ್ಮವರ ಕಣ್ಣಲ್ಲಿ ನೀರು ಬಂತು. ಮನೆಗೆ ಬಂದ ಮೇಲೂ ಅವತ್ತು ಮೂಗು ತೆಗೆಯಲಿಲ್ಲ.

ಕಣ್ಣಿನ ತೊಂದರೆ ತಿಳಿದದ್ದೂ ಮೂಗಿನಿಂದಲೇ. ಹೋದ ವರ್ಷ ಬೀಗಿತ್ತಿ ಬರುವ ದಿನ ಇವರು ಹಚ್ಚಿದ ಬಣ್ಣ ನೋಡಿ ನಾನು ಗಾಬರಿಯಾದೆ. ಮೂಗು ಬದನೆಕಾಯಿಯ ಬಣ್ಣಕ್ಕೆ ತಿರುಗಿತ್ತು. ಇವರಿಗೆ ಸರಿಯಾಗಿಯೇ ಕಾಣುತ್ತಿತ್ತಂತೆ. ಒರೆಸಲು ಹೊತ್ತಿರಲಿಲ್ಲ, ಬೀಗಿತ್ತಿ ಆಗಲೇ ಬಾಗಿಲಲ್ಲಿದ್ದರು. ಅವರು ಏನೂ ಕೇಳದೆ ಚೀಲದಿಂದ ನೆಗಡಿಯ ಮಾತ್ರೆ ತೆಗೆದು ನನ್ನ ಕೈಯಲ್ಲಿಟ್ಟು, ಬೆಚ್ಚಗಿರಲಿ ಅಂದರು. ಮಾರನೆಯ ದಿನ ಕಣ್ಣಿನ ಆಸ್ಪತ್ರೆಗೆ ಹೋದೆವು. ಎರಡು ಕಣ್ಣಿಗೂ ಪೊರೆ ಬಂದಿದೆ, ಎಲ್ಲವೂ ಹಳದಿ ಗಾಜಿನ ಹಿಂದೆ ಇದ್ದ ಹಾಗೆ ಕಾಣುತ್ತದೆ, ಅದಕ್ಕೇ ಬಣ್ಣ ತಪ್ಪಿದೆ ಎಂದು ಡಾಕ್ಟರು ವಿವರಿಸಿದರು. ಬಲಗಣ್ಣಿನದು ಗಟ್ಟಿಯಾಗುತ್ತಿದೆ, ಅದಕ್ಕೆ ಬೇಗ ಆಪರೇಷನ್ ಆಗಬೇಕು. ದಿನ ಸಿಕ್ಕಿದ್ದು ನಾಲ್ಕು ತಿಂಗಳ ನಂತರ, ಒಂದು ಗುರುವಾರ, ಹತ್ತು ಗಂಟೆಗೆ. ಆ ದಿನ ತಪ್ಪಿದರೆ ಮತ್ತೆ ನಾಲ್ಕು ತಿಂಗಳು ಕಾಯಬೇಕು, ಅಷ್ಟರಲ್ಲಿ ಈ ಕಣ್ಣು ಕೈಗೆ ಸಿಗದೆ ಹೋಗಬಹುದು ಎಂದೂ ಹೇಳಿದರು.

ಹೊರಗೆ ಗೋಡೆಯ ಮೇಲೆ ಒಂದು ಸೂಚನೆ ಅಂಟಿಸಿದ್ದರು. ಯಾರೋ ಒಬ್ಬ ತನ್ನ ಅಣ್ಣನ ಚೀಟಿ ತೋರಿಸಿ ಅಣ್ಣನ ಬದಲು ತಾನೇ ಆಪರೇಷನ್ ಮಾಡಿಸಿಕೊಂಡು ಹೋದನಂತೆ. ಅಂದಿನಿಂದ ದಾಖಲಾಗುವಾಗಲೂ ಮನೆಗೆ ಕಳಿಸುವಾಗಲೂ ಮುಖವನ್ನು ಚೀಟಿಯ ಜೊತೆ ದೀಪದ ಕೆಳಗೆ ಹೋಲಿಸಿ ನೋಡುತ್ತಾರೆ.

ನಾನು ಓದಿ ಹೇಳಿದೆ.

"ಈ ಸಲ ಮೂಗು ನೀನೇ ಮಾಡ್ಬೇಕಾಗುತ್ತೆ ಕಣೇ," ಅಂದರು ನಮ್ಮವರು.

ಮದುವೆಯಾದಾಗಿನಿಂದ ಅವರ ಮೇಕಪ್ ಪೆಟ್ಟಿಗೆಯನ್ನು ನಾನು ಮುಟ್ಟಿದವಳಲ್ಲ, ಧೂಳು ಹೊಡೆಯಲೂ ಬಿಡುತ್ತಿರಲಿಲ್ಲ. ಆದರೆ ಕಾಲೇಜಿನಲ್ಲಿ ಸಸ್ಯಶಾಸ್ತ್ರ ಓದಿದ್ದೆ. ಹೂವಿನ ಮೊಗ್ಗನ್ನು ಬೆಳಕು ಹಾಯುವಷ್ಟು ತೆಳ್ಳಗೆ ಬ್ಲೇಡಿನಿಂದ ಸೀಳಿ ಗಾಜಿನ ಮೇಲೆ ಹರಡುವುದರಲ್ಲಿ ನನ್ನನ್ನು ಮೀರಿಸಿದವರು ತರಗತಿಯಲ್ಲಿ ಇರಲಿಲ್ಲ. ಕೈಯಲ್ಲಿ ಅದರ ನೆನಪು ಎಲ್ಲೋ ಉಳಿದಿದ್ದೀತು ಅಂದುಕೊಂಡೆ.

ಆಪರೇಷನ್ನಿನ ಹಿಂದಿನ ದಿನ, ಬುಧವಾರ ಬೆಳಗ್ಗೆ, ಅಡುಗೆಮನೆಯ ಬಾಗಿಲಿನಿಂದ ಅಚ್ಚು ತೆಗೆದು ತೊಳೆದೆ. ಜಿಲಾಟಿನ್ ಪುಡಿ, ಗ್ಲಿಸರಿನ್, ನೀರು, ಚಿಟಿಕೆ ಬಣ್ಣ. ಬಿಸಿನೀರಿನ ಪಾತ್ರೆಯೊಳಗೆ ಇನ್ನೊಂದು ಪಾತ್ರೆಯಿಟ್ಟು ಕರಗಿಸಬೇಕು, ಕುದಿಯಬಾರದು. ಇವರು ಕುರ್ಚಿಯಲ್ಲಿ ಕೂತು ವಾಸನೆಯಿಂದಲೇ ಒಲೆ ಜಾಸ್ತಿ, ಒಲೆ ಕಡಿಮೆ ಎಂದು ಹೇಳುತ್ತಿದ್ದರು. ಮೊದಲನೆಯ ಮೂಗಿನಲ್ಲಿ ಗಾಳಿಗುಳ್ಳೆ ಕೂತು ಮೂರನೆಯ ಹೊಳ್ಳೆ ಮೂಡಿತು. ಎರಡನೆಯದನ್ನು ಅಚ್ಚಿನಿಂದ ಬಿಡಿಸುವಾಗ ನರಹುಲಿ ಒಳಗೇ ಉಳಿಯಿತು. ನನಗೆ ಅಳು ಬಂತು.

"ಅಳಬೇಡ. ನಾನು ಮಾಡಿದ ಮೊದಲನೇ ಮೂಗು ನೋಡಿ ನಟ ರಜಾ ಹಾಕಿ ಊರಿಗೆ ಹೋಗಿದ್ದ," ಅಂದರು ಇವರು.

ಮೂರನೆಯದು ಬಂತು. ಮಗಳ ಮದುವೆಯ ಫೋಟೋ ಎದುರಿಗಿಟ್ಟುಕೊಂಡು ನರ, ರಂಧ್ರ ಎಲ್ಲ ಬರೆದೆ. ಬಿಳಿ ಕೂದಲು ನನ್ನ ತಲೆಯಲ್ಲೇ ಬೇಕಾದಷ್ಟಿದ್ದವು, ಎರಡು ಕಿತ್ತು ನೆಟ್ಟೆ.

ಗುರುವಾರ ಬೆಳಗ್ಗೆ ಅಂಟಿಸುವ ಕೆಲಸ. ಗೋಂದು ಹಚ್ಚಿ ಕೂರಿಸುವುದು ಸುಲಭ, ಅಂಚನ್ನು ಮರೆಸುವುದೇ ವಿದ್ಯೆ. ಹತ್ತಿಯನ್ನು ಬಿಸಿನೀರಿನಲ್ಲಿ ಅದ್ದಿ ಅಂಚಿಗೆ ಒತ್ತಿ ಒತ್ತಿ, ಎಲ್ಲಿ ಮೂಗು ಮುಗಿದು ಎಲ್ಲಿ ಕೆನ್ನೆ ಶುರುವಾಯಿತೆಂದು ತಿಳಿಯದ ಹಾಗೆ ಕರಗಿಸಬೇಕು. ಬಲಗಡೆ ಚೆನ್ನಾಗಿ ಬಂತು. ಎಡಗಡೆಗೆ ಬರುವಷ್ಟರಲ್ಲಿ ಗಂಟೆ ಎಂಟಾಯಿತು, ನನ್ನ ಕೈ ನಡುಗತೊಡಗಿತು, ನರಹುಲಿಯ ಕೆಳಗೆ ಅಕ್ಕಿಕಾಳಿನಷ್ಟು ಅಂಚು ಎದ್ದೇ ನಿಂತಿತು. ಒತ್ತಿದಷ್ಟೂ ಏಳುತ್ತಿತ್ತು. ಇವರು ತೋರುಬೆರಳಿಂದ ಮೂಗಿನ ಸುತ್ತ ಒಂದು ಸುತ್ತು ಸವರಿ ನೋಡಿದರು. ಕಣ್ಣು ಹೋದರೂ ಬೆರಳಿಗೆ ಕಾಣುತ್ತದೆ ಎಂದು ಹೇಳುವವರು. ಬೆರಳು ಎಡಗಡೆ ಒಂದು ಕ್ಷಣ ನಿಂತ ಹಾಗಾಯಿತು.

"ಭೇಷ್," ಅಂದರು. "ನಡಿ ಹೋಗೋಣ."

ಗೊತ್ತಾಗಲಿಲ್ಲವಲ್ಲ ಎಂದು ನನಗೆ ಸಮಾಧಾನವಾಯಿತು. ಅಂಚು ಎದ್ದಿರುವುದನ್ನು ನಾನು ಹೇಳಲಿಲ್ಲ.

ಆಸ್ಪತ್ರೆಯ ಸಾಲಿನಲ್ಲಿ ನಮ್ಮ ಮುಂದೆ ಹನ್ನೊಂದು ಜನ. ಕೌಂಟರಿನ ಗುಮಾಸ್ತ ಕೋಲುಮುಖದವನು, ಕಿವಿಯ ಮೇಲೆ ಪೆನ್ನು. ಒಬ್ಬೊಬ್ಬರನ್ನೂ ದೀಪದ ಕೆಳಗೆ ಬಗ್ಗಿಸಿ ನೋಡುತ್ತಿದ್ದ. ನಮಗಿಂತ ಮೂರು ಜನ ಮುಂದಿದ್ದ ಒಬ್ಬರಿಗೆ ಚೀಟಿಯಲ್ಲಿ ಮೀಸೆಯಿಲ್ಲ, ಮುಖದಲ್ಲಿ ಇತ್ತು. ಬೋಳಿಸಿಕೊಂಡು ಬನ್ನಿ ಎಂದು ಎದುರಿನ ಅಂಗಡಿಗೆ ಕಳಿಸಿದ. ಸಾಲು ನಿಂತ ಜಾಗದಲ್ಲಿ ಸೆಖೆ. ಇವರ ಹಣೆಯಿಂದ ಬೆವರು ಇಳಿದು ಮೂಗಿನ ಬುಡಕ್ಕೆ ಬಂದು ನಿಲ್ಲುತ್ತಿತ್ತು. ನಾನು ಸೆರಗಿನ ತುದಿಯಿಂದ ಅದನ್ನು ಒತ್ತುತ್ತಲೇ ಇದ್ದೆ. ಹಿಂದಿದ್ದ ಹೆಂಗಸು ತನ್ನ ಗಂಡನಿಗೆ, ನೋಡಿ, ಆ ವಯಸ್ಸಲ್ಲೂ ಹೇಗೆ ಉಪಚಾರ ಮಾಡುತ್ತಾರೆ ಎಂದು ಪಿಸುಗುಟ್ಟುವುದು ಕೇಳಿಸಿತು.

ನಮ್ಮ ಸರದಿ ಬಂತು. ಗುಮಾಸ್ತ ಚೀಟಿ ನೋಡಿದ, ಮುಖ ನೋಡಿದ. ದೀಪವನ್ನು ಎಡಕ್ಕೆ ಹೊರಳಿಸಿದ. ನರಹುಲಿಯ ಹತ್ತಿರ ಅವನ ಕಣ್ಣು ನಿಂತುಬಿಟ್ಟಿತು. ನಾಲ್ಕು ತಿಂಗಳು, ಒಂದು ಕಣ್ಣು, ಎಲ್ಲ ಅಕ್ಕಿಕಾಳಿನಷ್ಟು ಜಿಲಾಟಿನ್ನಿನ ಮೇಲೆ ನಿಂತಿತ್ತು. ಅವನು ಇವರ ಬಿಳಿಯಾದ ಕಣ್ಣಿನ ಪಾಪೆಯನ್ನು ನೋಡಿದ, ಆಮೇಲೆ ಸೆರಗು ಹಿಡಿದು ನಿಂತ ನನ್ನನ್ನು ನೋಡಿದ. ಮೊಹರು ಒತ್ತಿದ.

"ಅಮ್ಮಾ, ಯಜಮಾನ್ರನ್ನ ಫ್ಯಾನ್ ಕೆಳಗೇ ಕೂರ್ಸಿ," ಅಂದ. "ಬೆವರಬಾರದು ಅವ್ರು."

ಆಪರೇಷನ್ನಿಗೆ ಮುಂಚಿನ ಪಥ್ಯವೇನೋ ಇದು ಅಂದುಕೊಂಡು ನಾನು ತಲೆಯಾಡಿಸಿದೆ.

ಒಳಗೆ ಹೋಗುವವರೆಗೆ ಮಾತ್ರ ಯೋಚಿಸಿದ್ದೆವು, ಒಳಗಿನದನ್ನು ಯೋಚಿಸಿರಲಿಲ್ಲ. ದೊಡ್ಡ ಸಿಸ್ಟರ್ ಬಂದು ಮುಖ ಶುದ್ಧ ಮಾಡಬೇಕೆಂದು ಔಷಧಿಯಲ್ಲಿ ಅದ್ದಿದ ಹತ್ತಿಯಿಂದ ಹಣೆಯಿಂದ ಕೆಳಗೆ ಒಂದೇ ಸಮನೆ ಎಳೆದರು. ಮೂಗು ಹತ್ತಿಯ ಜೊತೆಗೇ ಬಂತು. ಸಿಸ್ಟರ್ ಕಿರುಚಲಿಲ್ಲ. ಅಂಗೈಯಲ್ಲಿದ್ದದ್ದನ್ನು ನೋಡಿದರು, ಇವರ ಮುಖದಲ್ಲಿ ಉಳಿದದ್ದನ್ನೂ ನೋಡಿದರು.

"ಇದೊಂದೇನಾ ತಾತ, ಇನ್ನೂ ಏನಾದ್ರೂ ಇದ್ಯಾ?" ಅಂದರು. "ಹಲ್ಲಿನ ಸೆಟ್ಟು, ಕಿವಿ ಮಿಷನ್ನು, ಇಂಥದ್ದೆಲ್ಲಾ ಮೊದ್ಲೇ ಕೊಟ್ಬಿಡ್ಬೇಕು ಅಂತ ಹೇಳಿರ್ಲಿಲ್ವಾ ನಿಮಗೆ?"

ಬೇರೇನೂ ಇಲ್ಲವೆಂದು ಇವರು ವಿಧೇಯರಾಗಿ ಹೇಳಿದರು. ಸಿಸ್ಟರ್ ಸ್ಟೀಲಿನ ಬಟ್ಟಲಿನಲ್ಲಿ ಗಾಜ್ ಬಟ್ಟೆ ಹಾಸಿ ಮೂಗನ್ನು ಮಲಗಿಸಿ, ಹಾಸಿಗೆಯ ನಂಬರಿನ ಚೀಟಿ ಅಂಟಿಸಿದರು. ನಮೂನೆಯಲ್ಲಿ 'ತೆಗೆದಿರಿಸಿದ ವಸ್ತುಗಳು' ಎಂಬ ಕಡೆ, ಉಂಗುರ ಇಲ್ಲ, ಹಲ್ಲು ಇಲ್ಲ, ಮೂಗು ಒಂದು, ಎಂದು ಬರೆದು ನನ್ನ ಸಹಿ ಹಾಕಿಸಿಕೊಂಡರು. ನಾನು ವಿವರಿಸಲು ಬಾಯಿ ತೆರೆದೆ. ಕೌಂಟರಿನಲ್ಲಿ ಮೊಹರು ಬಿದ್ದಿದೆಯಲ್ಲ, ಮತ್ತೇನು, ಅಂದರು. ತಮ್ಮ ಕೆಲಸ ಕಣ್ಣಿಗೆ ಸಂಬಂಧಪಟ್ಟದ್ದಂತೆ.

ಆಪರೇಷನ್ ಆಯಿತು. ಮಧ್ಯಾಹ್ನ ಇವರು ಬಲಗಣ್ಣಿಗೆ ಪಟ್ಟಿ ಕಟ್ಟಿಕೊಂಡು ನಿದ್ದೆಹೋಗಿದ್ದರು, ತಮ್ಮ ಹುಟ್ಟುಮೂಗಿನಿಂದಲೇ ಗೊರಕೆ ಹೊಡೆಯುತ್ತ. ಬಟ್ಟಲು ಪಕ್ಕದ ಮೇಜಿನ ಮೇಲಿತ್ತು. ಆಗ ಬಾಗಿಲಲ್ಲಿ ಬೀಗಿತ್ತಿ. ಕೈಯಲ್ಲಿ ಫ್ಲಾಸ್ಕು. ನಾನು ಸಿಕ್ಕಿದ ಟವೆಲ್ಲನ್ನು ಇವರ ಮುಖದ ಮೇಲೆ ಎಸೆದೆ.

"ಉಸಿರಾಡೋಕೆ ಜಾಗ ಬಿಡಿ ಪಾಪ," ಎಂದು ಬೀಗಿತ್ತಿ ಟವೆಲ್ ಸರಿಸಿದರು. ಇವರ ಮುಖ ನೋಡಿದರು. ಮೇಜಿನ ಕಡೆ ತಿರುಗಿ ಬಟ್ಟಲಿನೊಳಗೆ ನೋಡಿದರು. ಫ್ಲಾಸ್ಕಿನ ಮುಚ್ಚಳ ತೆಗೆದು ಬಟ್ಟಲಿನ ಮೇಲೆ ಬೋರಲು ಹಾಕಿದರು. "ನೊಣ ಕೂರುತ್ತೆ," ಅಂದರು.

ಆಮೇಲೆ ನನಗೆ ಚಹಾ ಬಗ್ಗಿಸಿ ಕೊಟ್ಟು, ಮೊಮ್ಮಗಳ ಪರೀಕ್ಷೆ, ಪಕ್ಕದ ಮನೆಯ ನೀರಿನ ಪಂಪು, ಏನೇನೋ ಮಾತಾಡಿದರು. ನನ್ನಿಂದ ತಡೆಯಲಾಗಲಿಲ್ಲ. ಯಾವಾಗಿನಿಂದ ಗೊತ್ತು ಎಂದು ಕೇಳಿದೆ. ಮದುವೆಯ ದಿನವೇ, ಅಂದರು. ಅವತ್ತಿನ ಸೆಖೆಗೆ ಹಣೆ ಬೆವರಿತು, ಕೆನ್ನೆ ಬೆವರಿತು, ಮೂಗೊಂದು ಮಾತ್ರ ಬೆವರಲಿಲ್ಲವಂತೆ.

"ಮತ್ತೆ ಮಗು ಹುಟ್ಟಿದಾಗ ತಾತನ ಮೂಗು ಅಂದ್ರಲ್ಲ?"

"ಅಂದೆ. ಬೀಗರು ಎಷ್ಟು ಖುಷಿಪಟ್ರು ನೋಡಿದ್ರಲ್ಲ." ಅವರು ಸೆರಗು ಸರಿಮಾಡಿಕೊಂಡು ಎದ್ದರು. "ಸೆಖೆಗಾಲದಲ್ಲಿ ನಾನು ಬಂದಾಗ ಹಾಕ್ಕೋಬೇಕಾಗಿಲ್ಲ ಅಂತ ಹೇಳಿ ಅವ್ರಿಗೆ. ಆದ್ರೆ ಮಗೂಗೆ ಗೊತ್ತಾಗೋದು ಬೇಡ. ಶಾಲೇಲೆಲ್ಲಾ ತಾತನ ಮೂಗು ಅಂತ ಹೇಳ್ಕೊಂಡು ಓಡಾಡ್ತಾಳೆ."

ಫ್ಲಾಸ್ಕಿನ ಮುಚ್ಚಳ ಬಿಟ್ಟೇ ಹೋದರು.

ಮಾರನೆಯ ಬೆಳಗ್ಗೆ ಡಾಕ್ಟರು ಪಟ್ಟಿ ಬಿಚ್ಚಿದರು. ಬೆರಳು ಎಷ್ಟು ಎಂದು ಕೇಳಿದರೆ ಇವರು ಎಣಿಸುವುದು ಬಿಟ್ಟು, ನಿಮ್ಮ ಉಗುರಿನ ಬುಡದಲ್ಲಿ ನೀಲಿ ಶಾಯಿ ಅಂಟಿದೆ ಅಂದರು. ಡಾಕ್ಟರಿಗೆ ಅಷ್ಟು ಸಾಕಾಯಿತು. ಅವರು ಅತ್ತ ಹೋದದ್ದೇ ತಡ, ಇವರು ಮುಚ್ಚಳ ತೆಗೆದು ಬಟ್ಟಲನ್ನು ಕಿಟಕಿಯ ಬೆಳಕಿಗೆ ಹಿಡಿದರು. ಹೊಸ ಕಣ್ಣಿಗೆ ಮೊದಲು ಬೇಕಾದದ್ದು ಹೆಂಡತಿಯಲ್ಲ, ಮೂಗು. ತಿರುಗಿಸಿ ತಿರುಗಿಸಿ ನೋಡಿದರು.

"ಬಣ್ಣ ಚೆನ್ನಾಗಿದೆ," ಅಂದರು. "ಎಡಗಡೆ ಅಂಚು ಎದ್ದಿದೆ."

"ಬೆರಳಿಗೆ ಎಲ್ಲಾ ಕಾಣುತ್ತೆ ಅಂತೀರಿ. ನಿನ್ನೆ ಕಾಣ್ಲಿಲ್ವಾ?"

"ಕಾಣದೇ ಏನು. ನಿನ್ನ ಕೈ ನಡುಗ್ತಿತ್ತು. ಹೇಳಿದ್ರೆ ಇನ್ನೂ ನಡುಗೋದು."

ಒಂದು ಕಣ್ಣನ್ನು ಪಣಕ್ಕಿಟ್ಟು ಈ ಮನುಷ್ಯ ಭೇಷ್ ಅಂದಿದ್ದರು.

ಮನೆಗೆ ಹೋಗಲು ಮತ್ತೆ ಅದೇ ಕೌಂಟರು ದಾಟಬೇಕಿತ್ತು. ಬೆವರಿಗೆ ಮೂಗು ಬಿಟ್ಟೀತೆಂದು ತಂದ ಗೋಂದು ನನ್ನ ಚೀಲದಲ್ಲೇ ಇತ್ತು. ಸಿಸ್ಟರ್ ತಮ್ಮ ಚೀಲದ ಪುಟ್ಟ ಕನ್ನಡಿಯನ್ನು ತಂದು ಹಿಡಿದು ನಿಂತರು. ಕಣ್ಣಿನ ಹತ್ತಿರ ನೀರು, ಗೋಂದು ಹೋಗಬಾರದು, ಅಂಟಿಸುವುದು ಮೂಗಿನ ಕೆಳಗಿನ ಅರ್ಧಕ್ಕೆ ಮಾತ್ರ ಎಂದು ತಾಕೀತು ಮಾಡಿದರು. ಬಲಗಡೆ ಇವರಿಗೆ ಬಗ್ಗಲು ಬಿಡದೆ ತಾವೇ ಹತ್ತಿಯಿಂದ ಒತ್ತಿಕೊಟ್ಟರು. ಎಡಗಡೆಯ ಅಂಚನ್ನು ಇವರು ನಾಲ್ಕು ಸಲ ಮೆಲ್ಲಗೆ ತಟ್ಟಿದರು. ಮಾಯವಾಯಿತು. ಸಿಸ್ಟರ್ ನಮೂನೆ ತೆಗೆದು, 'ಮೂಗು ಒಂದು, ಹಿಂದಿರುಗಿಸಲಾಗಿದೆ' ಎಂದು ಬರೆದರು.

ಕೌಂಟರಿನಲ್ಲಿ ಅದೇ ಕೋಲುಮುಖದವನು. ಚೀಟಿ ನೋಡಿದ, ದೀಪ ಹೊರಳಿಸಿದ, ಎಡಗಡೆ ಬಗ್ಗಿ ಬಹಳ ಹತ್ತಿರದಿಂದ ನೋಡಿದ. ಮುಖ ಅರಳಿತು.

"ನಿನ್ನೆಗಿಂತ ಇವತ್ತು ಚೆನ್ನಾಗಿ ಕೂತಿದೆ ಯಜಮಾನ್ರೇ," ಎಂದು ಮೊಹರು ಒತ್ತಿದ.

ನಲವತ್ತು ವರ್ಷದ ಕೆಲಸದಲ್ಲಿ ಇವರಿಗೆ ಒಂದೂ ಪ್ರಶಸ್ತಿ ಬಂದಿರಲಿಲ್ಲ. ಬಸ್ ನಿಲ್ದಾಣದವರೆಗೆ ಎದೆ ಸೆಟೆಸಿಕೊಂಡೇ ನಡೆದರು. ಬೆಂಚಿನ ಮೇಲೆ ಕೂತ ಮೇಲೆ, ಆಸ್ಪತ್ರೆಯವರು ಕೊಟ್ಟ ಕಪ್ಪು ಕನ್ನಡಕವನ್ನು ಸ್ವಲ್ಪ ಎತ್ತಿ, ಮೊದಲ ಸಲ ನನ್ನ ಕಡೆ ತಿರುಗಿದರು. ಹತ್ತಿರ ಬಂದು ನೋಡಿದರು. ಹಣೆ, ಕಣ್ಣಿನ ಸುತ್ತಿನ ಗೆರೆ, ಗಲ್ಲದ ಕೆಳಗಿನ ಜೋಲು ಚರ್ಮ. ಕೆಲಸದ ಕಣ್ಣು ಅದು, ಒಂದೂ ಬಿಡಲಿಲ್ಲ.

"ಯಾರೇ ನಿನಗೆ ಇಷ್ಟು ಚೆನ್ನಾಗಿ ವಯಸ್ಸು ಹಚ್ಚಿದ್ದು?" ಅಂದರು. "ಒಂದು ಅಂಚೂ ಕಾಣ್ತಿಲ್ಲ."

"ಇನ್ಯಾರು, ನಿಮ್ಮದೇ ಕೈಕೆಲಸ," ಅಂದೆ.

ಅವರು ಒಪ್ಪಿಕೊಂಡ ಹಾಗೆ ತಲೆಯಾಡಿಸಿ, ಇನ್ನೇನು ಆಯಿತಲ್ಲ ಎಂದು ಮೂಗು ಕೀಳಲು ಕೈ ಎತ್ತಿದರು. ತಿರುವಿನಲ್ಲಿ ಬಸ್ಸು ಕಾಣಿಸಿತು. ನಾನು ಅವರ ಕೈ ಹಿಡಿದುಕೊಂಡೆ.

"ಇರ್ಲಿ ರೀ, ತೆಗೀಬೇಡಿ. ಹಿರಿಯರ ರಿಯಾಯಿತಿ ಟಿಕೆಟ್ಟಿಗೆ ಕಂಡಕ್ಟರು ಗುರುತಿನ ಚೀಟಿ ಕೇಳ್ತಾನೆ."